ನಲವತ್ತೊಂದು ಸೆಕೆಂಡಿನ ಕತ್ತಲೆ

ನಾನು ಹೊಟ್ಟೆಪಾಡಿಗೆ ಮಾಡುವುದು ಮದುವೆ ವಿಡಿಯೋ ಎಡಿಟಿಂಗ್. ಬೆಂಗಳೂರಿನ ವಿಜಯನಗರದಲ್ಲಿ ಮೂರನೇ ಮಹಡಿಯ ಒಂದು ರೂಮು, ಕಿಟಕಿಗೆ ಕಪ್ಪು ಬಟ್ಟೆ, ಎರಡು ಮಾನಿಟರು. ಮೂರು ದಿನದ ಮದುವೆ ನನ್ನ ಕೈಯಲ್ಲಿ ನಾಲ್ಕು ನಿಮಿಷದ ಹೈಲೈಟ್ ಆಗಿ ಹೊರಗೆ ಹೋಗುತ್ತದೆ. ಯಾವ ಶಾಟೂ ಎರಡು ಸೆಕೆಂಡು ದಾಟುವಂತಿಲ್ಲ. ತಾಳಿ ಕಟ್ಟುವುದಕ್ಕೆ ಮಾತ್ರ ನಾಲ್ಕು ಸೆಕೆಂಡು ಬಿಡುತ್ತೇನೆ. ವರ್ಷಗಟ್ಟಲೆ ಹೀಗೆ ಕತ್ತರಿಸಿ ಕತ್ತರಿಸಿ, ಊಟಕ್ಕೆ ಕೂತಾಗಲೂ ಅನ್ನಕ್ಕೂ ಸಾರಿಗೂ ನಡುವೆ ಎಲ್ಲಿ ಕಟ್ ಮಾಡಬಹುದು ಅಂತ ಲೆಕ್ಕ ಹಾಕುವ ಸ್ಥಿತಿಗೆ ಬಂದಿದ್ದೆ.

2022ರ ನವೆಂಬರಿನಲ್ಲಿ, ಕೈಯಲ್ಲಿದ್ದ ಮದುವೆಗಳನ್ನೆಲ್ಲ ಒಬ್ಬ ಗೆಳೆಯನಿಗೆ ಬಿಟ್ಟುಕೊಟ್ಟು, ಕ್ಯಾಮೆರಾ ಕಟ್ಟಿಕೊಂಡು ಊರಿಗೆ ಹೋದೆ. ಊರು ಸಾಗರ ತಾಲ್ಲೂಕಿನಲ್ಲಿ, ಹೆಗ್ಗೋಡಿನಿಂದ ಇನ್ನಷ್ಟು ಒಳಗೆ. ಮನೆಗೆ ಅಡಿಕೆ ತೋಟ ಇದೆ. ಜನವರಿವರೆಗೆ ಅಲ್ಲೇ ಇದ್ದು ಅಡಿಕೆ ಸುಲಿಯುವುದನ್ನು ತೆಗೆದೆ. ಅಷ್ಟೇ, ಬೇರೇನೂ ತೆಗೆಯಲಿಲ್ಲ.

ಮಲೆನಾಡು ಅಂದರೆ ಈಗ ಎಲ್ಲ ವಿಡಿಯೋಗಳೂ ಡ್ರೋನಿನಿಂದಲೇ ಶುರುವಾಗುತ್ತವೆ. ಮಂಜು, ಗುಡ್ಡ, ಕೊಳಲು. ಆಮೇಲೆ ಒಬ್ಬರು ಕನ್ನಡಕ ಸರಿ ಮಾಡಿಕೊಂಡು ‘ಹಿಂದೆಲ್ಲ ಹೀಗಿರಲಿಲ್ಲ’ ಅನ್ನುತ್ತಾರೆ. ನನ್ನದರಲ್ಲಿ ಇದ್ಯಾವುದೂ ಬೇಡ ಅಂತ ಹಟ ಇತ್ತು. ಹಿನ್ನೆಲೆ ದನಿ ಇಲ್ಲ, ಸಂದರ್ಶನ ಇಲ್ಲ, ಸಂಗೀತ ಇಲ್ಲ. ಒಂದು ಜಾಗದಲ್ಲಿ ಕ್ಯಾಮೆರಾ ಇಟ್ಟು, ಆಗುವುದು ಆಗಲಿ ಅಂತ ಕೂರುವುದು. ಕೊನೆ, ಅಂದರೆ ಅಡಿಕೆ ಗೊನೆ, ಕೊಯ್ಯುವ ಕೊನೆಗೌಡ ಮರದಿಂದ ಮರಕ್ಕೆ ಕೆಳಗಿಳಿಯದೆ ದಾಟುವುದನ್ನೂ ತೆಗೆದಿದ್ದೆ. ಮರದ ತುದಿ ಬಾಗಿಸಿ ಪಕ್ಕದ ಮರ ಹಿಡಿಯುವ ಆ ಕ್ಷಣಕ್ಕೆ ನೋಡಿದವರೆಲ್ಲ ಬಾಯಿ ಬಿಡುತ್ತಾರೆ. ಎಡಿಟಿಂಗಿನಲ್ಲಿ ತೆಗೆದುಹಾಕಿದೆ. ಬಾಯಿ ಬಿಡಿಸುವ ಶಾಟು ಒಂದು ಬಂದರೆ ನೋಡುವವರು ಅಂಥದೇ ಇನ್ನೊಂದಕ್ಕೆ ಕಾಯುತ್ತ ಕೂರುತ್ತಾರೆ.

ಕೆಂಪಡಿಕೆಗೆ ಕಾಯಿಯನ್ನು ಹಸಿರಿರುವಾಗಲೇ ಕೊಯ್ಯಬೇಕು. ಕೊಯ್ದ ಮೇಲೆ ಕೊನೆ ಕಾಯುವುದಿಲ್ಲ. ಒಂದೆರಡು ದಿನದೊಳಗೆ ಸುಲಿದು, ಚೊಗರು, ಅಂದರೆ ಅಡಿಕೆಯ ಒಗರು ರಸ, ಹಾಕಿ ಬೇಯಿಸಿ, ಅಂಗಳದ ಅಟ್ಟಕ್ಕೆ ಹಾಕಿ ಒಣಗಿಸಬೇಕು. ಅದಕ್ಕೇ ರಾತ್ರಿ ಕೆಲಸ. ನಮ್ಮ ಕಡೆ ಎಷ್ಟೋ ಮನೆಗಳಲ್ಲಿ ಈಗ ಸುಲಿಯುವ ಯಂತ್ರ ಬಂದಿದೆ. ನಮ್ಮಲ್ಲಿ ಆಗಿನ್ನೂ ಬಂದಿರಲಿಲ್ಲ. ತತ್ವ ಗಿತ್ವ ಏನಲ್ಲ, ಅಪ್ಪಯ್ಯನಿಗೆ ಯಂತ್ರದವರ ಜೊತೆ ರೇಟು ಹೊಂದಿರಲಿಲ್ಲ. ಸಂಜೆ ಏಳಕ್ಕೆ ಆರು ಜನ ಹೆಂಗಸರು ಬಂದು ಅಂಗಳದ ಚಪ್ಪರದಡಿ ಕೂರುತ್ತಿದ್ದರು. ಹನ್ನೊಂದಕ್ಕೋ ಹನ್ನೆರಡಕ್ಕೋ ಏಳುತ್ತಿದ್ದರು.

ಮೊದಲ ಎರಡು ರಾತ್ರಿಯ ಕೆಲಸ ನೀರುಪಾಲಾಯಿತು. ಸಿನೆಮಾ ಅಂದರೆ ಸೆಕೆಂಡಿಗೆ 24 ಫ್ರೇಮು ಅನ್ನುವ ಹುಚ್ಚಿನಲ್ಲಿ ಅದನ್ನೇ ಇಟ್ಟಿದ್ದೆ, ಷಟರು 1/48 ಸೆಕೆಂಡು. ನಮ್ಮ ಕರೆಂಟು ಸೆಕೆಂಡಿಗೆ 50 ಆವರ್ತದ್ದು, ಟ್ಯೂಬ್‌ಲೈಟು 100 ಸಲ ಮಿನುಗುತ್ತದೆ. ಎರಡಕ್ಕೂ ತಾಳ ಸೇರದೆ ಇಡೀ ಅಂಗಳದ ಮೇಲೆ ಕಪ್ಪು ಪಟ್ಟೆ ಮೇಲಿಂದ ಕೆಳಗೆ ತೆವಳುತ್ತಿತ್ತು. ಮದುವೆ ಛತ್ರದಲ್ಲಿ ನೂರು ಸಲ ಕಂಡ ಸಮಸ್ಯೆ ಇದು, ಹುಡುಗರನ್ನು ಬೈದಿದ್ದೇನೆ ಕೂಡ. ಮೂರನೇ ದಿನ 25 ಫ್ರೇಮು, 1/50 ಮಾಡಿಕೊಂಡೆ. ಮೈಕನ್ನು ಅಟ್ಟದ ಅಡ್ಡ ದಬ್ಬೆಗೆ ನೇತುಹಾಕಿದೆ. ಗಾಳಿಗೆ ಹಾಕುವ ಕೂದಲಿನ ಗವಸು ನೋಡಿ ಅವರು ಅದಕ್ಕೆ ಅಳಿಲು ಅಂತ ಹೆಸರಿಟ್ಟರು. ‘ಅಳಿಲು ಕೇಳ್ತಾ ಐತೆ, ಸುಮ್ನಿರ್ರೇ’ ಅಂತ ಒಬ್ಬರನ್ನೊಬ್ಬರು ತಿವಿಯುವುದು, ಆಮೇಲೆ ಮರೆತು ಅದೇ ಮಾತು ಮುಂದುವರಿಸುವುದು.

ಕ್ಯಾಮೆರಾ ಇಟ್ಟಿದ್ದು ಜಗಲಿಯ ಮೇಲೆ, ಅಪ್ಪಯ್ಯನ ಕುರ್ಚಿಯ ಪಕ್ಕ. ಅಲ್ಲಿ ಪ್ಲಗ್ ಇದೆ, ಇಬ್ಬನಿ ಬೀಳುವುದಿಲ್ಲ, ಆರೂ ಜನ ಒಂದೇ ಫ್ರೇಮಿನಲ್ಲಿ ಕಾಣುತ್ತಾರೆ. ಇಡೀ ಸುಗ್ಗಿ ಅದನ್ನು ಅಲ್ಲಿಂದ ಕದಲಿಸಲಿಲ್ಲ, ಹತ್ತಿರದ ಶಾಟಿಗೆ ಒಂದೆರಡು ಸಲ ಬಿಟ್ಟರೆ.

ಆ ಹತ್ತಿರದ ಶಾಟಿನ ಬಗ್ಗೆ ಹೇಳಬೇಕು. ಆರು ಜನರಲ್ಲಿ ಎಲ್ಲರಿಗಿಂತ ಹಿರಿಯಾಕೆ ತನ್ನದೇ ಮೆಟ್ಟುಗತ್ತಿ ಮನೆಯಿಂದ ತರುತ್ತಿದ್ದಳು. ನಾನು ಚಿಕ್ಕವನಿದ್ದಾಗಲೂ ಅದೇ ಕತ್ತಿ. ಮಸೆದು ಮಸೆದು ಅಲಗು ಅರ್ಧಕ್ಕೆ ಬಂದಿದೆ. ಮಣೆಯನ್ನು ಕಾಲಲ್ಲಿ ಒತ್ತಿ ಕೂರುತ್ತಾಳೆ, ಹೆಬ್ಬೆರಳಿಗೆ ಸೈಕಲ್ ಟ್ಯೂಬಿನ ತುಂಡು. ಎಡಗೈ ನೋಡದೆಯೇ ರಾಶಿಗೆ ಹೋಗಿ ಕಾಯಿ ತರುತ್ತದೆ. ಅಲಗಿಗೆ ಒಂದು ಒತ್ತು, ಒಂದು ತಿರುವು, ಇನ್ನೊಂದು ಒತ್ತು. ಸಿಪ್ಪೆ ಬಾಯಿ ಬಿಡುತ್ತದೆ, ಒಳಗಿನ ಅಡಿಕೆ ಜಾರಿ ಬುಟ್ಟಿಗೆ ಬೀಳುತ್ತದೆ, ಸಿಪ್ಪೆ ಬಲಗಡೆಗೆ ಹಾರುತ್ತದೆ. ಅಷ್ಟರಲ್ಲಿ ಎಡಗೈ ಇನ್ನೊಂದನ್ನು ತಂದಾಗಿದೆ. ಚೊಗರು ಹಿಡಿದ ಉಗುರು ಕಪ್ಪಗೆ ಹೊಳೆಯುತ್ತದೆ. ಮಾತು ನಿಂತರೂ ಕೈ ನಿಲ್ಲುವುದಿಲ್ಲ, ನಗು ಬಂದು ಮೈಯೆಲ್ಲ ಕುಲುಕಿದರೂ ಮಣಿಕಟ್ಟಿನಿಂದ ಮುಂದೆ ಅದು ಬೇರೆ ಯಾರದೋ ಕೈ ಅನ್ನುವ ಹಾಗೆ.

ಆಮೇಲೆ ಟೈಮ್‌ಲೈನಿನ ಮೇಲೆ ಎಣಿಸಿದೆ. ಒಂದು ಅಡಿಕೆಗೆ ಹೆಚ್ಚು ಕಡಿಮೆ ನೂರು ಫ್ರೇಮು. ನಾಲ್ಕು ಸೆಕೆಂಡು. ನಾನು ತಾಳಿಗೆ ಕೊಡುವಷ್ಟು.

ಆಕೆಗೆ ಒಂದು ದಿನ ತಿಳಿದವನ ಹಾಗೆ ವಿವರಿಸಲು ಹೋದೆ. ಪೇಟೆಯವರಿಗೆ ಎಲ್ಲ ಅವಸರ, ನಿಮ್ಮ ಕೆಲಸ ಎಷ್ಟು ನಿಧಾನ, ಎಷ್ಟು ಸಮಾಧಾನ, ಅದನ್ನು ತೋರಿಸಬೇಕು ಅಂತ ಆಸೆ ಅಂದೆ.

‘ನಿಧಾನನಾ?’ ಅಂದಳು, ಕೈ ನಿಲ್ಲಿಸದೆ. ‘ನಿಧಾನ ಮಾಡಿದ್ರೆ ನಂಗೆ ಡಬ್ಬ ಎಲ್ಲಿ ಆಗ್ತೈತೆ ಸಣ್ಣ ಹೆಗಡೇರೇ? ಇಡೀ ರಾತ್ರಿ ಓಡ್ತಾ ಇದೀನಿ ಕೂತಲ್ಲೇ.’

ಕೂಲಿ ಡಬ್ಬದ ಲೆಕ್ಕ. ಸುಲಿದ ಅಡಿಕೆ ಒಂದು ಡಬ್ಬ ತುಂಬಿದರೆ ಇಂತಿಷ್ಟು. (ಎಷ್ಟು ಅಂತ ಬರೆಯುವುದಿಲ್ಲ. ಮನೆಯಿಂದ ಮನೆಗೆ ರೇಟು ಬೇರೆ, ಇದನ್ನು ಓದುವ ನೆಂಟರು ನಾಳೆ ಅಪ್ಪಯ್ಯನಿಗೆ ಫೋನ್ ಮಾಡುತ್ತಾರೆ.) ಅಲ್ಲಿವರೆಗೆ ನನಗೆ ಆ ಲೆಕ್ಕ ಗೊತ್ತಿರಲಿಲ್ಲ ಅಂತಲ್ಲ. ಹುಟ್ಟಿದಾಗಿನಿಂದ ಗೊತ್ತು. ಕ್ಯಾಮೆರಾದ ಹಿಂದೆ ನಿಂತ ಮೇಲೆ ಮರೆತಿದ್ದೆ. ಉದ್ದುದ್ದ ಶಾಟಿನ ಇಂಥ ಚಿತ್ರಗಳಿಗೆ ಸ್ಲೋ ಸಿನೆಮಾ ಅನ್ನುತ್ತಾರೆ. ಆ ಮಾತಿನಲ್ಲಿ ಸ್ಲೋ ಆಗಿರುವುದು ನೋಡುವವನ ಕುರ್ಚಿ ಮಾತ್ರ. ಅಂಗಳದಲ್ಲಿ ಯಾರೂ ಸ್ಲೋ ಇರಲಿಲ್ಲ.

ಇನ್ನೊಂದು. ರಾತ್ರಿ ಸುಲಿಯುವಾಗ ಏನೆಲ್ಲ ಮಾತು ಬರುತ್ತದೆ ಅನ್ನುವುದು ಮಲೆನಾಡಿನಲ್ಲಿ ಹುಟ್ಟಿದವರಿಗೆ ಗೊತ್ತು. ಯಾರ ಮಗಳು ಯಾಕೆ ತವರಿಗೆ ಬಂದಳು, ಯಾರ ಗಂಡ ಸಂಘದ ಸಾಲದ ದುಡ್ಡು ಏನು ಮಾಡಿದ. ಅಳಿಲಿನ ಕಿವಿಗೆ ಎಲ್ಲವೂ ಬಿದ್ದಿತ್ತು. ಒಂದು ವಾರದ ನಂತರ ನನಗೇ ಅಳುಕಾಗಿ, ಒಂದಿಷ್ಟು ಭಾಗ ಲ್ಯಾಪ್‌ಟಾಪಿನಲ್ಲಿ ಅವರಿಗೇ ಕೇಳಿಸಿದೆ. ನಗು ನಿಂತಿತು. ‘ನಮ್ಮ ಮಾತು ಬ್ಯಾಡ. ಕೈ ಬೇಕಾದ್ರೆ ತಕಳಿ’ ಅಂತ ಹಿರಿಯಾಕೆ ಅಂದಳು, ಉಳಿದವರೂ ತಲೆ ಆಡಿಸಿದರು. ಹಾಗಾಗಿ ಚಿತ್ರದಲ್ಲಿ ಮಾತು ಹೆಚ್ಚು ಕಡಿಮೆ ಇಲ್ಲವೇ ಇಲ್ಲ. ಮುಂದೆ ಬೆಂಗಳೂರಿನ ಗೆಳೆಯನೊಬ್ಬ ನೋಡಿ, ಮೌನವನ್ನು ಎಷ್ಟು ಚೆನ್ನಾಗಿ ದುಡಿಸಿಕೊಂಡಿದ್ದೀಯ ಅಂದ. ಥ್ಯಾಂಕ್ಸ್ ಅಂದೆ.

ಜನವರಿ ಕೊನೆಗೆ 62 ಗಂಟೆಯ ಸರಕು ಕೂಡಿತ್ತು. ನನ್ನ ಕ್ಯಾಮೆರಾದಲ್ಲಿ ಗಂಟೆಗೆ 45 ಜಿಬಿ, ಅಂದರೆ ಸುಮಾರು 2.8 ಟಿಬಿ. ಅದನ್ನು ಇದ್ದದ್ದು ಇದ್ದ ಹಾಗೆ, ನಿಜವಾದ ವೇಗದಲ್ಲಿ, ಎಲ್ಲೂ ಓಡಿಸದೆ ನೋಡುವುದಕ್ಕೇ ಒಂದು ತಿಂಗಳು ಹಿಡಿಯಿತು. ಮದುವೆಯ ಕೆಲಸ ಮುಗಿಸಿ ರಾತ್ರಿ ಹತ್ತಕ್ಕೆ ಕೂತರೆ ಎರಡು ಗಂಟೆ ಅಂಗಳ ನೋಡಿ ಮಲಗುವುದು. ಕೆಲವು ದಿನ ನಿದ್ದೆಯಲ್ಲೂ ಆ ಕರ್ಕ್ ಕರ್ಕ್ ಟಪ್ ಕೇಳುತ್ತಿತ್ತು. ಕೊನೆಗೆ 54 ನಿಮಿಷದ ಚಿತ್ರ ಆಯಿತು, ಎಲ್ಲ ಸೇರಿ ಮೂವತ್ತೊಂದು ಶಾಟು. ನನ್ನ ಹೈಲೈಟ್ ವಿಡಿಯೋದಲ್ಲಿ ಮೊದಲ ಒಂದು ನಿಮಿಷಕ್ಕೇ ಅಷ್ಟಿರುತ್ತವೆ.

ಅದರಲ್ಲಿ ನನಗೆ ಅತ್ಯಂತ ಪ್ರಿಯವಾದದ್ದು ಅಳೆಯುವ ಶಾಟು, ಹನ್ನೊಂದು ನಿಮಿಷದ್ದು. ಡಿಸೆಂಬರಿನ ಒಂದು ರಾತ್ರಿ, ಕೆಲಸ ಮುಗಿದಿದೆ. ಒಬ್ಬೊಬ್ಬರೇ ತಮ್ಮ ಬುಟ್ಟಿ ತಂದು, ಡಬ್ಬಕ್ಕೆ ತುಂಬಿ, ಹಂಡೆಗೆ ಸುರಿಯುತ್ತಾರೆ. ಅಪ್ಪಯ್ಯ ಕುರ್ಚಿಯಲ್ಲಿ ಕೂತು ಎಣಿಸುತ್ತಾನೆ, ಕ್ಯಾಲೆಂಡರಿನ ಬೆನ್ನಿಗೆ ಗೀಟು ಹಾಕುತ್ತಾನೆ. ಒಂದು ಅನ್ನುವುದಿಲ್ಲ, ನಮ್ಮಲ್ಲಿ ಅಳೆಯುವಾಗ ಮೊದಲನೆಯದಕ್ಕೆ ಲಾಭ ಅನ್ನಬೇಕು. ಲಾಭ, ಎರಡು, ಮೂರು. ತಾಮ್ರದ ಹಂಡೆ ಖಾಲಿ ಇದ್ದಾಗ ಮೊದಲ ಡಬ್ಬ ಢಣಢಣ ಅನ್ನುತ್ತದೆ, ತುಂಬುತ್ತ ಬಂದಂತೆ ಸದ್ದು ಮೆತ್ತಗಾಗುತ್ತದೆ. ಹಿರಿಯಾಕೆಯ ಸರದಿ ಬಂತು. ಲಾಭ. ಎರಡು. ಕರೆಂಟು ಹೋಯಿತು.

ಕ್ಯಾಮೆರಾ ಬ್ಯಾಟರಿಯ ಮೇಲಿತ್ತು, ಓಡುತ್ತಲೇ ಇತ್ತು. ಪೂರ್ತಿ ಕಪ್ಪು. ಯಾರೋ ಕಿಸಕ್ಕನೆ ನಕ್ಕರು. ಅಪ್ಪಯ್ಯ ಒಳಗೆ ತಿರುಗಿ ‘ಬ್ಯಾಟ್ರಿ ತಗಂಡು ಬಾರೇ’ ಅಂತ ಆಯಿಯನ್ನು ಕೂಗಿದ. ದೂರದಲ್ಲಿ ನಾಯಿ. ಕತ್ತಲಲ್ಲೇ ಅಡಿಕೆ ಸುರಿದ ಸದ್ದು, ಮಳೆ ಬಂದ ಹಾಗೆ. ಹತ್ತಿರದಲ್ಲಿ ಯಾರದೋ ಬಳೆ. ಆಮೇಲೆ ಟ್ಯೂಬ್‌ಲೈಟು ಎರಡು ಸಲ ಕಣ್ಣು ಮಿಟುಕಿಸಿ ಹತ್ತಿಕೊಂಡಿತು, ಎಲ್ಲರೂ ಇದ್ದಲ್ಲೇ ಇದ್ದರು. ಇನ್ನೊಂದು ಡಬ್ಬ ಹಂಡೆಗೆ ಬಿತ್ತು, ಅಪ್ಪಯ್ಯ ‘ಮೂರು’ ಅಂದ. ಅಲ್ಲಿಗೆ ನಾನು ಕಟ್ ಮಾಡಿದ್ದೆ.

ನಲವತ್ತೊಂದು ಸೆಕೆಂಡು ಕತ್ತಲೆ. ಒಂದು ಚಿತ್ರೋತ್ಸವಕ್ಕೆ ಕಳಿಸಿದಾಗ ಆ ಭಾಗ ತೆಗೆಯಬಹುದೇ, ತಾಂತ್ರಿಕ ದೋಷ ಅನ್ನಿಸುತ್ತದೆ ಅಂತ ಕೇಳಿದ್ದರು. ಸಾಧ್ಯವೇ ಇಲ್ಲ ಅಂತ ಬರೆದಿದ್ದೆ. ಕತ್ತಲೆಯ ಕಾವ್ಯ ಅದು ಇದು ಅಂತ ಎರಡು ಪುಟ. ಆ ಪತ್ರ ಈಗ ಓದಿದರೆ ಮೈ ಪರಚಿಕೊಳ್ಳುವ ಹಾಗಾಗುತ್ತದೆ. ಅವರು ಚಿತ್ರ ತೆಗೆದುಕೊಳ್ಳಲಿಲ್ಲ.

2023ರ ಅಕ್ಟೋಬರಿನಲ್ಲಿ, ಹೊಸ ಕೊಯ್ಲು ಶುರುವಾಗುವ ಮುಂಚೆ, ಊರಲ್ಲಿ ತೋರಿಸಿದೆ. ಅದೇ ಅಂಗಳ. ಎರಡು ಕಂಬಕ್ಕೆ ಬಿಳಿ ಪಂಚೆ ಕಟ್ಟಿ, ಬಾಡಿಗೆ ಪ್ರೊಜೆಕ್ಟರು. ಮೂವತ್ತು ಜನ ಇದ್ದಿರಬಹುದು. ಅಪ್ಪಯ್ಯನ ಕುರ್ಚಿ ಯಥಾಸ್ಥಾನದಲ್ಲಿ. ಅವನಿಗೆ ಇಂಥದ್ದು ಹೊಸದೂ ಅಲ್ಲ. ಹೆಗ್ಗೋಡಿನಲ್ಲಿ 1949ರಲ್ಲಿ ಶುರುವಾದ ನೀನಾಸಂ ಅನ್ನುವ ನಾಟಕ ಸಂಸ್ಥೆ 1973ರಲ್ಲಿ ಸಿನೆಮಾ ತೋರಿಸುವ ಚಿತ್ರಸಮಾಜ ಕಟ್ಟಿದಾಗ ಅವನು ಹರೆಯದ ಹುಡುಗ. ನೀನಾಸಂ ಕಟ್ಟಿದ ಕೆ.ವಿ. ಸುಬ್ಬಣ್ಣನವರು ತರಿಸುತ್ತಿದ್ದ ದೇಶಾಂತರದ ಚಿತ್ರಗಳನ್ನು ತೋಟದ ಕೆಲಸ ಮುಗಿಸಿ ಬ್ಯಾಟ್ರಿ ಹಿಡಿದು ನಡೆದು ಹೋಗಿ ನೋಡಿದವನು. ನನ್ನ ಚಿತ್ರದ ಹದಿನೈದನೇ ನಿಮಿಷಕ್ಕೆ ಪಕ್ಕದವರಿಗೆ ಹೇಳುತ್ತಿದ್ದ: ‘ಹೆಗ್ಗೋಡಲ್ಲೂ ಎಷ್ಟೋ ಸಿನೆಮಾದಲ್ಲಿ ಎಂತೂ ಆಗ್ತಿರ್ಲಿಲ್ಲೆ. ಇದೂ ಹಂಗೇ ಇದ್ದು. ಅಡ್ಡಿಲ್ಲೆ.’ ಇಷ್ಟು ಒಳ್ಳೆಯ ವಿಮರ್ಶೆ ನನಗೆ ಮತ್ತೆ ಸಿಕ್ಕಿಲ್ಲ.

ಎಂತೂ ಆಗದ ಚಿತ್ರವನ್ನು ಹೆಂಗಸರು ಬೇರೆ ರೀತಿ ನೋಡುತ್ತಿದ್ದರು. ‘ಆವತ್ತಿಂದು ಹಣ್ಣಾಗಿತ್ತು, ಸಿಪ್ಪೆ ಏಳ್ತಿರಲಿಲ್ಲ ನೋಡು.’ ‘ಅವಳ ಕತ್ತಿ ಮೊಂಡು, ಎರಡು ಸಲ ಒತ್ತುತಾಳೆ.’ ಹತ್ತಿರದ ಶಾಟು ಬಂದಾಗ ಒಬ್ಬಳು ತನ್ನ ಖಾಲಿ ಕೈಯಲ್ಲೇ ಜೊತೆಗೆ ತಾಳ ಹಾಕಿದಳು. ನಾನು ಬೆಳಕು, ನೆರಳು ಅಂತ ಹಾಕಿದ್ದ ಶಾಟುಗಳಲ್ಲಿ ಅವರು ಕಾಯಿ ನೋಡುತ್ತಿದ್ದರು, ಕತ್ತಿ ನೋಡುತ್ತಿದ್ದರು.

ಅಳೆಯುವ ಶಾಟು ಬಂತು. ಲಾಭ ಅನ್ನುವುದು ಕೇಳಿ ಒಂದಿಬ್ಬರು ಪರದೆಯ ಜೊತೆಗೇ ಎಣಿಸಲು ಶುರು ಮಾಡಿದರು, ಮಕ್ಕಳಿಗೆ ಆಟ. ಲಾಭ, ಎರಡು. ಕತ್ತಲೆ. ಸುರಿದ ಸದ್ದಿಗೆ ಯಾರೋ ಕೂಗಿದರು, ‘ಮೂರು’. ಬೆಳಕು ಬಂತು, ಡಬ್ಬ ಬಿತ್ತು, ಮಕ್ಕಳು ‘ನಾಕು’ ಅಂದರು. ಪರದೆಯ ಮೇಲೆ ಅಪ್ಪಯ್ಯ ‘ಮೂರು’ ಅಂದ.

ಅಂಗಳದಲ್ಲಿ ಯಾರೂ ಮಾತಾಡಲಿಲ್ಲ. ಮುಂದಿನ ಶಾಟು ಓಡುತ್ತಿತ್ತು, ಹಂಡೆಯ ಕೆಳಗಿನ ಬೆಂಕಿ.

‘ಅದನ್ನ ಇನ್ನೊಂದು ಸಲ ಬಿಡಿ’ ಅಂದಳು ಹಿರಿಯಾಕೆ.

ಬಿಟ್ಟೆ. ಅವಳು ಪರದೆ ನೋಡುತ್ತಿರಲಿಲ್ಲ, ತಲೆ ತಗ್ಗಿಸಿ ಕೇಳುತ್ತಿದ್ದಳು. ಮೂರನೇ ಸಲ ಬಿಡುವ ಹೊತ್ತಿಗೆ ಅಪ್ಪಯ್ಯ ಕುರ್ಚಿಯಿಂದ ಎದ್ದು ಒಳಗೆ ಹೋಗಿದ್ದ. ಸಿಟ್ಟು ಬಂತು ಅಂತ ನಾನು ತಿಳಿದೆ. ಹೋದ ವರ್ಷದ ಕ್ಯಾಲೆಂಡರು ಹಿಡಿದುಕೊಂಡು ಬಂದ. ಹಾಳೆ ತಿರುಗಿಸಿ, ಬೆಳಕಿಗೆ ಹಿಡಿದು, ಗೀಟುಗಳ ಮೇಲೆ ಬೆರಳಾಡಿಸಿದ. ಮೂರೇ ಇತ್ತು. ‘ಬ್ಯಾಟ್ರಿ ಕೂಗೋ ಗಡಿಬಿಡಿಲಿ ತಪ್ಪಿದೆ’ ಅಂದ, ಯಾರ ಮುಖವನ್ನೂ ನೋಡದೆ. ಆಮೇಲೆ ದುಡ್ಡು ತೆಗೆಯುತ್ತ, ಹಳೇ ರೇಟೋ ಹೊಸ ರೇಟೋ ಅಂತ ಕೇಳಿದ. ಹಿಂದಿನಿಂದ ನಾಲ್ಕಾರು ದನಿ ಒಟ್ಟಿಗೆ: ‘ಹೊಸ್ದು, ಹೊಸ್ದು!’

‘ಹಳೇದೇ ಕೊಡಿ. ಆವತ್ತಿನ ಡಬ್ಬ ಅದು’ ಅಂದಳು ಆಕೆ. ದುಡ್ಡು ಸೆರಗಿನ ತುದಿಗೆ ಕಟ್ಟಿಕೊಂಡಳು. ‘ಆವತ್ತೇ ಹೇಳಿದ್ದೆ ನಾನು.’

ಆ ಕೊನೆಯ ಮಾತು ನನ್ನ ತಲೆಯಲ್ಲಿ ಕೂತಿತು. ಎಲ್ಲರೂ ಹೋದ ಮೇಲೆ ಹಾರ್ಡ್ ಡಿಸ್ಕ್ ಹಚ್ಚಿ ಆ ರಾತ್ರಿಯ ಮೂಲ ಕ್ಲಿಪ್ ತೆಗೆದೆ. ನಾನು ಕಟ್ ಮಾಡಿದ ಜಾಗದಿಂದ ಮುಂದೆ. ಅಪ್ಪಯ್ಯ ‘ಮೂರು’ ಅಂದ ಎರಡು ಸೆಕೆಂಡಿಗೆ ಆಕೆಯ ದನಿ, ಸ್ಪಷ್ಟವಾಗಿ: ‘ನಾಕಾಯ್ತಲ್ಲ ಹೆಗಡೇರೇ.’ ಅಪ್ಪಯ್ಯ: ‘ಮೂರು, ಮೂರು. ಮುಂದೆ ಯಾರದ್ದು?’ ಆಕೆ ಒಂದು ಕ್ಷಣ ನಿಂತು, ಖಾಲಿ ಬುಟ್ಟಿ ಸೊಂಟಕ್ಕಿಟ್ಟುಕೊಂಡು ಫ್ರೇಮಿನಿಂದ ಆಚೆ ಹೋಗುತ್ತಾಳೆ.

ಇದನ್ನು ನಾನು ಎಡಿಟಿಂಗಿನಲ್ಲಿ ಕಡಿಮೆ ಅಂದರೂ ಹತ್ತು ಸಲ ಕೇಳಿದ್ದೇನೆ. ಕೇಳಿಯೇ ಕತ್ತರಿಸಿದ್ದೇನೆ. ಬೆಳಕು ಬಂದ ಮೇಲಿನ ನಿಶ್ಶಬ್ದ ಕೆಡುತ್ತದೆ ಅಂತ. ಜೊತೆಗೆ, ನಮ್ಮ ಮಾತು ಬೇಡ ಅಂತ ಅವರೇ ಹೇಳಿದ್ದಾರಲ್ಲ ಅನ್ನುವ ಸಬೂಬೂ ಕೈಯಲ್ಲಿತ್ತು.

1895ರಲ್ಲಿ ಲೂಮಿಯೇರ್ ಸೋದರರು ಫ್ರಾನ್ಸಿನ ಲಿಯೋನ್‌ನಲ್ಲಿ ತೆಗೆದ ಐವತ್ತು ಸೆಕೆಂಡಿನ ಚಿತ್ರ, ಕಾರ್ಖಾನೆಯ ಬಾಗಿಲಿನಿಂದ ಕೆಲಸಗಾರರು ಹೊರಗೆ ಬರುವುದು, ಸಿನೆಮಾ ಓದುವವರೆಲ್ಲ ಮೊದಲು ನೋಡುವುದು ಅದನ್ನೇ. ಕ್ಯಾಮೆರಾ ಕದಲುವುದಿಲ್ಲ, ಯಾರೂ ಏನೂ ಹೇಳುವುದಿಲ್ಲ. ನಾನು ಅದನ್ನು ಯಾವಾಗಲೂ ವೀಕ್ಷಣೆಯ ಚಿತ್ರಗಳ ಮೂಲಪುರುಷ ಅಂತ ಕೊಂಡಾಡುತ್ತಿದ್ದೆ. ಆ ರಾತ್ರಿ ನೆನಪಾದದ್ದು ಬೇರೆ: ಆ ಕಾರ್ಖಾನೆ ಲೂಮಿಯೇರ್ ಮನೆಯವರದೇ. ಆ ಕೆಲಸಗಾರರು ಅವರ ಸಂಬಳದವರು. ಒಂದೇ ದೃಶ್ಯವನ್ನು ಬೇರೆ ಬೇರೆ ದಿನ ಮೂರು ಸಲ ತೆಗೆದಿದ್ದಾರೆ. ಇನ್ನೊಮ್ಮೆ ಬನ್ನಿ ಅಂದರೆ ಬರದೆ ಏನು ಮಾಡುತ್ತಾರೆ.

ಜಗಲಿಯಲ್ಲಿ ಅಪ್ಪಯ್ಯನ ಕುರ್ಚಿ ಹಾಗೇ ಇತ್ತು. ಪಕ್ಕದಲ್ಲಿ ಟ್ರೈಪಾಡಿನ ಮೂರು ಕಾಲು ಉಜ್ಜಿ ಉಜ್ಜಿ ನೆಲದ ಮೇಲೆ ಗುರುತು ಬಿದ್ದಿದೆ.

ಚಿತ್ರವನ್ನು ಬದಲಿಸಿದ್ದೇನೆ. ಅವಳನ್ನು ಕೇಳಿಯೇ. ‘ಅದೊಂದು ಮಾತು ಇರ್ಲಿ’ ಅಂದಳು. ಹಾಗಾಗಿ ಈಗ 54 ನಿಮಿಷ 19 ಸೆಕೆಂಡು. ಅಪ್ಪಯ್ಯನನ್ನೂ ಕೇಳಿದೆ. ‘ನಾ ತಪ್ಪಿದ್ದು ಇಡೀ ಊರಿಗೇ ಗೊತ್ತಾತಲ, ಇನ್ನೆಂತ’ ಅಂದ. ಎರಡು ದಿನ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ, ಮೂರನೇ ದಿನ ಸರಿಯಾದ.

ನವೆಂಬರಿನಲ್ಲಿ ಹೊಸ ಸುಗ್ಗಿಯ ಮೊದಲ ರಾತ್ರಿ, ಅಭ್ಯಾಸಬಲದಿಂದ ಟ್ರೈಪಾಡು ತಂದು ಅದೇ ಗುರುತಿನ ಮೇಲೆ ಇಟ್ಟೆ. ಹಿರಿಯಾಕೆ ಕತ್ತಿ ಮಸೆಯುತ್ತಿದ್ದಳು. ತಲೆ ಎತ್ತಲಿಲ್ಲ.

‘ಅಲ್ಲಿ ಬ್ಯಾಡ ಸಣ್ಣ ಹೆಗಡೇರೇ. ಈಚೆ ತನ್ನಿ. ಅಲ್ಲಿಂದ ಡಬ್ಬದ ಬಾಯಿ ಕಾಣಲ್ಲ.’

ಅಂಗಳಕ್ಕೆ ಇಳಿಸಿದೆ. ಇಬ್ಬನಿಗೆ ಲೆನ್ಸಿನ ಮೇಲೆ ಅಡಿಕೆ ಹಾಳೆಯ ಟೊಪ್ಪಿ ಮುಚ್ಚಬೇಕಾಯಿತು.